ಎರವಲು ಬೂಟು, ಆರು ಪಂದ್ಯ, 13 ಗೋಲು: ಯಾರು ಈ ಜಸ್ಟ್ ಫಾಂಟೇನ್?

ಫುಟ್‌ಬಾಲ್ ವಿಶ್ವಕಪ್ ಬಂದಾಗಲೆಲ್ಲ ಒಂದು ಹೆಸರು ಟಿವಿ ಪರದೆಯಲ್ಲಿ ಹಾದು ಹೋಗುತ್ತದೆ. ಯಾರೋ ಒಬ್ಬ ಮೊದಲ ಎರಡು ಪಂದ್ಯದಲ್ಲೇ ನಾಲ್ಕು ಗೋಲು ಹೊಡೆದರೆ ಸಾಕು, ಕಾಮೆಂಟರಿಯವರು ಹಳೇ ಪಟ್ಟಿ ಬಿಚ್ಚುತ್ತಾರೆ. ಪಟ್ಟಿಯ ನೆತ್ತಿಯಲ್ಲಿ ಒಂದು ಕಪ್ಪು-ಬಿಳುಪು ಫೋಟೊ. ಜಸ್ಟ್ ಫಾಂಟೇನ್, ಫ್ರಾನ್ಸ್, 1958, 13 ಗೋಲು. ಅದೂ ಒಂದೇ ವಿಶ್ವಕಪ್‌ನಲ್ಲಿ, ಆರೇ ಪಂದ್ಯದಲ್ಲಿ.

ಸಂಖ್ಯೆ ಸುಮಾರು ಜನಕ್ಕೆ ಗೊತ್ತು. ಆಡಿದ ಮನುಷ್ಯ ಅಷ್ಟಾಗಿ ಗೊತ್ತಿಲ್ಲ. ಅಷ್ಟು ಗೋಲು ಹೊಡೆದವನು ಇಪ್ಪತ್ತೆಂಟಕ್ಕೇ ಆಟ ಬಿಟ್ಟಿದ್ದೇಕೆ? ಆಗ ಗೋಲು ಹೊಡೆಯುವುದು ಸುಲಭ ಇತ್ತಾ? ಅವನ ಕಾಲಿನಲ್ಲಿದ್ದ ಬೂಟು ಅವನದ್ದೇ ಅಲ್ಲ ಅನ್ನುತ್ತಾರಲ್ಲ, ನಿಜವಾ? ಮೊದಲಿಂದ ನೋಡೋಣ.

13 ಅಂದರೆ ಎಷ್ಟು ದೊಡ್ಡದು?

ಕ್ರಿಕೆಟ್ ನೋಡುವವರಿಗೆ ಬ್ರಾಡ್ಮನ್‌ರ 99.94 ಗೊತ್ತಿರುತ್ತದೆ. ಬೇರೆ ದೊಡ್ಡ ಬ್ಯಾಟ್ಸ್‌ಮನ್‌ಗಳ ಟೆಸ್ಟ್ ಸರಾಸರಿ ಐವತ್ತು, ಅರವತ್ತರ ಹತ್ತಿರ ನಿಂತರೆ ಅದೊಂದು ಮಾತ್ರ ಎಲ್ಲೋ ಮೇಲಿದೆ. ವಿಶ್ವಕಪ್ ಫುಟ್‌ಬಾಲ್‌ನಲ್ಲಿ 13 ಅಂಥದ್ದೇ ಅಂಕಿ.

ಫಾಂಟೇನ್‌ಗಿಂತ ಮುಂಚೆ ದಾಖಲೆ ಇದ್ದದ್ದು ಹಂಗೆರಿಯ ಶಾಂಡೊರ್ ಕೊಚಿಶ್ ಹೆಸರಲ್ಲಿ, 1954ರಲ್ಲಿ 11 ಗೋಲು. ಆಮೇಲೆ 1970ರಲ್ಲಿ ಪಶ್ಚಿಮ ಜರ್ಮನಿಯ ಗೆರ್ಡ್ ಮುಲ್ಲರ್ 10 ಹೊಡೆದರು. 2002ರಲ್ಲಿ ಬ್ರೆಜಿಲ್‌ನ ರೊನಾಲ್ಡೊ ಎಂಟಕ್ಕೆ ನಿಂತರು. 2022ರಲ್ಲಿ ಕಿಲಿಯನ್ ಎಂಬಾಪೆ ಕೂಡ ಎಂಟೇ, ಅದೂ ಫೈನಲ್‌ನಲ್ಲಿ ಮೂರು ಸೇರಿ.

ಇನ್ನೊಂದು ಲೆಕ್ಕ ಇನ್ನೂ ಸ್ಪಷ್ಟ. ಕತಾರ್ ವಿಶ್ವಕಪ್ ಮುಗಿದಾಗ ಲಿಯೊನೆಲ್ ಮೆಸ್ಸಿಯ ಒಟ್ಟು ವಿಶ್ವಕಪ್ ಗೋಲು 13. ಅದಕ್ಕೆ ಅವರು ಐದು ವಿಶ್ವಕಪ್, 26 ಪಂದ್ಯ ಆಡಿದ್ದರು. ಫಾಂಟೇನ್ ಅಷ್ಟನ್ನೇ 1958ರ ಜೂನ್ 8ರಿಂದ 28ರೊಳಗೆ ಮುಗಿಸಿದ್ದರು. ಹೆಚ್ಚುಕಮ್ಮಿ ಮೂರು ವಾರ.

ಮರ್ರಾಕೇಶ್‌ನ ಹುಡುಗ

ಫಾಂಟೇನ್ ಹುಟ್ಟಿದ್ದು ಫ್ರಾನ್ಸ್‌ನಲ್ಲಲ್ಲ. 1933ರ ಆಗಸ್ಟ್ 18ರಂದು, ಮೊರಾಕೊದ ಮರ್ರಾಕೇಶ್ ಪಟ್ಟಣದಲ್ಲಿ. ಆಗ ಮೊರಾಕೊ ಫ್ರೆಂಚರ ‘ರಕ್ಷಿತ ರಾಜ್ಯ’. ಅಂದರೆ ಸಿಂಹಾಸನದ ಮೇಲೆ ಸುಲ್ತಾನ ಇದ್ದರೂ ಆಡಳಿತದ ಹಗ್ಗ ಫ್ರಾನ್ಸ್ ಕೈಯಲ್ಲಿತ್ತು. ನಮ್ಮಲ್ಲಿ ಬ್ರಿಟಿಷರ ಕಾಲದ ಮೈಸೂರು ಸಂಸ್ಥಾನ ನೆನಪಿಸಿಕೊಂಡರೆ ಸ್ವಲ್ಪ ಅಂದಾಜು ಸಿಗುತ್ತದೆ. ಫಾಂಟೇನ್‌ರ ಅಪ್ಪ ಫ್ರಾನ್ಸ್‌ನ ನಾರ್ಮಂಡಿ ಕಡೆಯವರು, ಅಮ್ಮ ಸ್ಪೇನ್‌ ಮೂಲದವರು.

ಹುಡುಗ ಕಾಸಾಬ್ಲಾಂಕಾದ ಯುಎಸ್‌ಎಂ ಕ್ಲಬ್‌ನಲ್ಲಿ ಆಡಿ ಬೆಳೆದ. 1953ರಲ್ಲಿ ಫ್ರಾನ್ಸ್‌ನ ದಕ್ಷಿಣ ಕರಾವಳಿಯ ನೀಸ್ ಕ್ಲಬ್ ಅವನನ್ನು ಕರೆಸಿಕೊಂಡಿತು. ಮೊದಲ ಸೀಸನ್‌ನಲ್ಲೇ ನೀಸ್ ಫ್ರೆಂಚ್ ಕಪ್ ಗೆದ್ದಿತು, 1956ರಲ್ಲಿ ಲೀಗ್ ಕೂಡ ಗೆದ್ದಿತು.

ಎರಡರ ವ್ಯತ್ಯಾಸ ಇಲ್ಲೇ ಹೇಳಿಬಿಡುತ್ತೇನೆ. ಲೀಗ್ ಅಂದರೆ ಎಲ್ಲ ತಂಡವೂ ಎಲ್ಲ ತಂಡದ ಜೊತೆ ಎರಡೆರಡು ಸಲ ಆಡಿ, ವರ್ಷದ ಕೊನೆಗೆ ಜಾಸ್ತಿ ಅಂಕ ತೆಗೆದವರು ಗೆಲ್ಲುವುದು. ಕಪ್ ಅಂದರೆ ಸೋತವರು ಮನೆಗೆ, ಗೆದ್ದವರು ಮುಂದಿನ ಸುತ್ತಿಗೆ.

ನೀಸ್ ಸೇರಿದ ವರ್ಷವೇ, ಡಿಸೆಂಬರ್ 17ರಂದು, ಫ್ರಾನ್ಸ್ ತಂಡಕ್ಕೆ ಮೊದಲ ಪಂದ್ಯ. ಎದುರಾಳಿ ಲಕ್ಸೆಂಬರ್ಗ್. ಫ್ರಾನ್ಸ್ 8-0 ಗೆದ್ದಿತು, ಇಪ್ಪತ್ತರ ಫಾಂಟೇನ್ ಮೂರು ಗೋಲು ಹೊಡೆದ. ಇಷ್ಟಾದ ಮೇಲೆ ಜಾಗ ಖಾಯಂ ಅಂದುಕೊಳ್ಳುತ್ತೀರಿ, ಅಲ್ವಾ? ಆಗಲಿಲ್ಲ. 1954ರ ವಿಶ್ವಕಪ್ ತಂಡದಲ್ಲಿ ಅವನ ಹೆಸರೇ ಇರಲಿಲ್ಲ. 1958ರ ವಿಶ್ವಕಪ್ ಹೊತ್ತಿಗೂ ದೇಶಕ್ಕಾಗಿ ಆಡಿದ್ದು ಬೆರಳೆಣಿಕೆಯಷ್ಟು ಪಂದ್ಯ.

ಸೆಂಟರ್ ಫಾರ್ವರ್ಡ್ ಏನು ಮಾಡುತ್ತಾನೆ?

ಆ ಕಾಲದ ತಂಡಗಳು ನಿಲ್ಲುತ್ತಿದ್ದ ರೀತಿಯೇ ಬೇರೆ. ಹಿಂದೆ ಮೂವರು ಡಿಫೆಂಡರ್, ನಡುವೆ ನಾಲ್ವರು ಚೌಕಾಕಾರದಲ್ಲಿ, ಮುಂದೆ ಮೂವರು. ಮೇಲಿಂದ ನೋಡಿದರೆ ಮುಂದಿನ ಐವರು ಇಂಗ್ಲಿಷಿನ ಡಬ್ಲ್ಯು ಅಕ್ಷರದ ಹಾಗೆ, ಹಿಂದಿನ ಐವರು ಎಂ ಅಕ್ಷರದ ಹಾಗೆ ಕಾಣುತ್ತಾರೆ. ಅದಕ್ಕೇ ಈ ಜೋಡಣೆಗೆ ‘ಡಬ್ಲ್ಯು-ಎಂ’ ಅಂತ ಹೆಸರು.

ಮುಂದಿನ ಸಾಲಿನ ನಟ್ಟನಡುವೆ ನಿಲ್ಲುವವನೇ ಸೆಂಟರ್ ಫಾರ್ವರ್ಡ್. ಗೋಲು ಹೊಡೆಯುವುದು ಅವನ ಮುಖ್ಯ ಕೆಲಸ. ಎದುರಾಳಿಯ ನಡುವಿನ ಡಿಫೆಂಡರ್ ತೊಂಬತ್ತು ನಿಮಿಷವೂ ಅವನಿಗೇ ಅಂಟಿಕೊಂಡಿರುತ್ತಾನೆ. ಮದುವೆ ಮನೆಯಲ್ಲಿ ಅಮ್ಮನ ಸೆರಗು ಬಿಡದ ಮಗುವಿನ ಹಾಗೆ.

ಈ ಅಂಟನ್ನು ಬಿಡಿಸಿಕೊಳ್ಳಲು ಐವತ್ತರ ದಶಕದಲ್ಲಿ ಕೆಲವು ತಂಡಗಳು ಒಂದು ಉಪಾಯ ಕಂಡುಕೊಂಡವು. ಸೆಂಟರ್ ಫಾರ್ವರ್ಡ್ ಮುಂದೆ ನಿಲ್ಲುವ ಬದಲು ಹಿಂದಕ್ಕೆ ಬರುತ್ತಾನೆ. ಈಗ ಅವನನ್ನು ಕಾಯುವವನಿಗೆ ಫಜೀತಿ. ಅವನ ಹಿಂದೆ ಹೋದರೆ ಗೋಲಿನ ಮುಂದೆ ಜಾಗ ಖಾಲಿ. ಹೋಗದಿದ್ದರೆ ಅವನು ಆರಾಮವಾಗಿ ಚೆಂಡು ಹಿಡಿದು ತಿರುಗುತ್ತಾನೆ. ಹಂಗೆರಿಯವರು ಇದೇ ಆಟದಿಂದ 1953ರಲ್ಲಿ ಇಂಗ್ಲೆಂಡನ್ನು ವೆಂಬ್ಲಿಯಲ್ಲಿ 6-3ರಿಂದ ಬಡಿದಿದ್ದರು.

1958ರ ಫ್ರಾನ್ಸ್ ತಂಡದಲ್ಲಿ ಹಾಗೆ ಹಿಂದಕ್ಕೆ ಬರುತ್ತಿದ್ದವರು ರೇಮಂಡ್ ಕೋಪಾ. ಖಾಲಿಯಾದ ಜಾಗಕ್ಕೆ ನುಗ್ಗುತ್ತಿದ್ದವರು ಫಾಂಟೇನ್. ವಾಲಿಬಾಲ್‌ನಲ್ಲಿ ಒಬ್ಬ ಚೆಂಡು ಎತ್ತಿ ಕೊಡುತ್ತಾನೆ, ಇನ್ನೊಬ್ಬ ಹಾರಿ ಹೊಡೆಯುತ್ತಾನೆ. ಹೊಡೆದವನಿಗೆ ಚಪ್ಪಾಳೆ. ಎತ್ತಿ ಕೊಟ್ಟವನು ಅರ್ಧ ಗೇಣು ಆಚೆ ಎತ್ತಿದ್ದರೆ ಆ ಚಪ್ಪಾಳೆ ಇಲ್ಲ. 13ರ ಕಥೆಯಲ್ಲಿ ಎತ್ತಿ ಕೊಟ್ಟವನನ್ನು ಬಿಟ್ಟರೆ ಕಥೆಯೇ ಅರ್ಧ.

ರೀಮ್ಸ್: ಒಂದು ಊರಿನ ತಂಡ, ಒಂದು ದೇಶದ ತಂಡ

ಕೋಪಾ ಉತ್ತರ ಫ್ರಾನ್ಸ್‌ನ ಕಲ್ಲಿದ್ದಲು ಗಣಿ ಪ್ರದೇಶದವರು. ಪೋಲೆಂಡ್‌ನಿಂದ ವಲಸೆ ಬಂದ ಕುಟುಂಬದ ಮಗ. ರೀಮ್ಸ್ ಕ್ಲಬ್‌ನ ದೊಡ್ಡ ಹೆಸರು ಅವರದ್ದು. 1956ರಲ್ಲಿ ಸ್ಪೇನ್‌ನ ರಿಯಲ್ ಮ್ಯಾಡ್ರಿಡ್ ಅವರನ್ನು ಕೊಂಡುಕೊಂಡಿತು. ಖಾಲಿಯಾದ ಜಾಗ ತುಂಬಲು ರೀಮ್ಸ್ ನೀಸ್‌ನಿಂದ ಕರೆತಂದದ್ದು ಫಾಂಟೇನ್‌ರನ್ನು. ಹಾಗಾಗಿ ಕೋಪಾ ಮತ್ತು ಫಾಂಟೇನ್ ಆಗ ಕ್ಲಬ್‌ನಲ್ಲಿ ಜೊತೆಗೆ ಆಡಿದವರೇ ಅಲ್ಲ. ಒಬ್ಬರು ಎದ್ದ ಕುರ್ಚಿಗೆ ಇನ್ನೊಬ್ಬರು ಬಂದವರು.

ರೀಮ್ಸ್ ಇರುವುದು ಶಾಂಪೇನ್ ಮದ್ಯ ತಯಾರಾಗುವ ಸೀಮೆಯಲ್ಲಿ. ಚೆಂಡನ್ನು ನೆಲದ ಮೇಲೇ ಚುರುಕಾಗಿ ಪಾಸ್ ಮಾಡುತ್ತಾ ನುಗ್ಗುವ ಅವರ ಆಟಕ್ಕೆ ‘ಶಾಂಪೇನ್ ಫುಟ್‌ಬಾಲ್’ ಅಂತಲೇ ಹೆಸರು ಬಿತ್ತು. ಕೋಚ್ ಆಲ್ಬೇರ್ ಬತ್ತೊ. ಇವರೇ ಫ್ರಾನ್ಸ್ ತಂಡಕ್ಕೂ ಕೋಚ್. ಇದು ಮುಖ್ಯ. ದೇಶದ ತಂಡ ಅಂದರೆ ಬೇರೆ ಬೇರೆ ಕಡೆಯಿಂದ ಬಂದ ಆಟಗಾರರನ್ನು ಕೆಲವು ವಾರ ಒಟ್ಟಿಗೆ ಸೇರಿಸುವುದು. ಸಂಬಂಧಿಕರೆಲ್ಲ ಸೇರಿ ಹಬ್ಬದ ಅಡುಗೆಗೆ ನಿಂತ ಹಾಗೆ. ಉಪ್ಪು ಯಾರು ಹಾಕಿದರು, ಯಾರು ಹಾಕಲಿಲ್ಲ ಗೊತ್ತಾಗುವುದಿಲ್ಲ. 1958ರ ಫ್ರಾನ್ಸ್‌ಗೆ ಆ ತೊಂದರೆ ಕಮ್ಮಿ ಇತ್ತು. ನಾಯಕ ರೋಬೇರ್ ಜೋಂಕೆ, ಮುಂದೆ ಆಡುವ ರೋಜೆ ಪಿಯಾಂಟೋನಿ, ಎಡಬದಿಯ ಜಾಂ ವಿನ್ಸಾಂ, ಫಾಂಟೇನ್ ಎಲ್ಲ ರೀಮ್ಸ್‌ನವರು. ಕೋಪಾ ಹಳೇ ರೀಮ್ಸ್. ದಿನಾ ಒಂದೇ ಒಲೆಯಲ್ಲಿ ಅಡುಗೆ ಮಾಡಿದವರು.

1957-58ರ ಸೀಸನ್‌ನಲ್ಲಿ ರೀಮ್ಸ್ ಲೀಗ್, ಕಪ್ ಎರಡೂ ಗೆದ್ದಿತು. ಫಾಂಟೇನ್ ಲೀಗ್‌ನಲ್ಲಿ ಬರೇ 26 ಪಂದ್ಯದಲ್ಲಿ 34 ಗೋಲು ಹೊಡೆದರು. ಚಳಿಗಾಲದಲ್ಲಿ ಮಂಡಿಗೆ ಆಪರೇಷನ್ ಆಗಿ ಕೆಲ ವಾರ ಹೊರಗೆ ಕೂತಿದ್ದರು, ಆದರೂ ಇಷ್ಟು. ಆ ವಿಶ್ರಾಂತಿಯಿಂದ ಬೇಸಿಗೆಗೆ ಕಾಲಿನಲ್ಲಿ ಇನ್ನೂ ಕಸುವು ಉಳಿದಿತ್ತು ಅನ್ನಬಹುದು.

ಸ್ವೀಡನ್‌ಗೆ ಹೋಗುವ ಮುಂಚೆ

1958ರ ವಿಶ್ವಕಪ್ ನಡೆದದ್ದು ಸ್ವೀಡನ್‌ನಲ್ಲಿ. ಲೀಗ್‌ನಲ್ಲಿ ಅಷ್ಟು ಗೋಲು ಹೊಡೆದರೂ ಫ್ರಾನ್ಸ್ ತಂಡದಲ್ಲಿ ಫಾಂಟೇನ್ ಜಾಗ ಗಟ್ಟಿ ಇರಲಿಲ್ಲ. ರೀಮ್ಸ್‌ನದೇ ಇನ್ನೊಬ್ಬ ಫಾರ್ವರ್ಡ್ ರೆನೆ ಬ್ಲಿಯಾರ್ ಪೈಪೋಟಿಯಲ್ಲಿದ್ದರು. ಟೂರ್ನಿ ಶುರುವಾಗುವ ಮುಂಚೆಯೇ ಬ್ಲಿಯಾರ್‌ಗೆ ಗಾಯವಾಯಿತು. ಅವರು ಮನೆಗೆ, ಫಾಂಟೇನ್ ಮೈದಾನಕ್ಕೆ.

ತಂಡ ಕಳೆದುಕೊಂಡದ್ದು ಅವರೊಬ್ಬರನ್ನೇ ಅಲ್ಲ. ಅಲ್ಜೀರಿಯಾ ಆಗ ಫ್ರಾನ್ಸ್ ವಿರುದ್ಧ ಸ್ವಾತಂತ್ರ್ಯಕ್ಕಾಗಿ ಹೋರಾಡುತ್ತಿತ್ತು. 1958ರ ಏಪ್ರಿಲ್‌ನಲ್ಲಿ ಫ್ರೆಂಚ್ ಕ್ಲಬ್‌ಗಳಲ್ಲಿದ್ದ ಕೆಲವು ಅಲ್ಜೀರಿಯನ್ ಆಟಗಾರರು ಗುಟ್ಟಾಗಿ ದೇಶ ಬಿಟ್ಟು, ವಿಮೋಚನಾ ಹೋರಾಟಗಾರರ ತಂಡ ಸೇರಿದರು. ಅದರಲ್ಲಿ ಮುಸ್ತಫಾ ಜಿತೂನಿ, ರಶೀದ್ ಮೆಕ್ಲೂಫಿ ಇಬ್ಬರೂ ಫ್ರಾನ್ಸ್ ವಿಶ್ವಕಪ್ ತಂಡಕ್ಕೆ ಆಯ್ಕೆಯಾಗುವ ಹಂತದಲ್ಲಿದ್ದವರು. ವಿಶ್ವಕಪ್ ಬಿಟ್ಟು ಹೋದರು. ಹೀಗಾಗಿ ಫ್ರಾನ್ಸ್ ಸ್ವೀಡನ್‌ಗೆ ಹೊರಟಾಗ ಇವರು ಸೆಮಿಫೈನಲ್ ಮುಟ್ಟುತ್ತಾರೆ ಅಂತ ಬಾಜಿ ಕಟ್ಟುವವರು ಕಮ್ಮಿ ಇದ್ದರು.

ಇನ್ನು ಬೂಟಿನ ವಿಷಯ. ಸ್ವೀಡನ್‌ನಲ್ಲಿ ಫಾಂಟೇನ್‌ರ ಬೂಟು ಕಿತ್ತು ಹೋಯಿತು. ಈಗಿನ ಹಾಗೆ ಕಂಪನಿಯವರು ಹತ್ತು ಜೊತೆ ಹೊಸ ಬೂಟು ಪೆಟ್ಟಿಗೆಯಲ್ಲಿ ಕಳಿಸುವ ಕಾಲ ಅಲ್ಲ. ಬೂಟು ಆಟಗಾರನ ಸ್ವಂತ ಸಾಮಾನು. ತೊಗಲು ಮೆತ್ತಗಾಗಿ ಪಾದದ ಆಕಾರಕ್ಕೆ ಬರಲು ವಾರಗಟ್ಟಲೆ ಬೇಕು. ಹೊಸದು ಕೊಂಡರೆ ಹಿಮ್ಮಡಿಯಲ್ಲಿ ಬೊಬ್ಬೆ ಗ್ಯಾರಂಟಿ. ತಂಡದಲ್ಲಿ ಕಾಯ್ದಿರಿಸಿದ ಆಟಗಾರರಾಗಿದ್ದ ಸ್ಟೆಫಾನ್ ಬ್ರೂಯೆಯ ಕಾಲಿನ ಅಳತೆ ಇವರದ್ದಕ್ಕೆ ಸರಿಹೊಂದಿತು. ಬ್ರೂಯೆ ತಮ್ಮ ಬೂಟು ಕೊಟ್ಟರು. ಪಕ್ಕದ ಮನೆಯ ಹುಡುಗನ ಬ್ಯಾಟು ಈಸಿಕೊಂಡು ಮ್ಯಾಚಿಗೆ ಹೋದವರಿಗೆ ಇದು ಅರ್ಥವಾಗುತ್ತೆ. ಆದರೆ ಈಸಿಕೊಂಡ ಬ್ಯಾಟಿನಲ್ಲಿ ವಿಶ್ವದಾಖಲೆ ಮಾಡಿದವರು ಎಷ್ಟು ಜನ?

ಆರು ಪಂದ್ಯ

ಮೊದಲ ಪಂದ್ಯ ನಾರ್‌ಶಾಪಿಂಗ್ ಊರಲ್ಲಿ, ಪರಾಗ್ವೆ ಎದುರು. ಎರಡನೇ ಅರ್ಧ ಶುರುವಾದ ಸ್ವಲ್ಪ ಹೊತ್ತಿಗೆ ಫ್ರಾನ್ಸ್ 2-3ರಿಂದ ಹಿಂದಿತ್ತು. ಆ ಎರಡೂ ಫಾಂಟೇನ್‌ದೇ. ಅಲ್ಲಿಂದ ಮುಂದೆ ಫ್ರಾನ್ಸ್ ಐದು ಗೋಲು ಹೊಡೆದು 7-3 ಗೆದ್ದಿತು. ಫಾಂಟೇನ್ ಲೆಕ್ಕಕ್ಕೆ ಮೂರು.

ಎರಡನೆಯದು ಯುಗೊಸ್ಲಾವಿಯಾ ಜೊತೆ, 2-3 ಸೋಲು. ಎರಡೂ ಗೋಲು ಫಾಂಟೇನ್‌ದು. ಮೂರನೆಯದರಲ್ಲಿ ಸ್ಕಾಟ್ಲೆಂಡ್ ಮೇಲೆ 2-1, ಕೋಪಾ ಒಂದು, ಫಾಂಟೇನ್ ಒಂದು. ಕ್ವಾರ್ಟರ್‌ಫೈನಲ್‌ನಲ್ಲಿ ಉತ್ತರ ಐರ್ಲೆಂಡ್ ಸಿಕ್ಕಿತು. ಅವರು ಎರಡೇ ದಿನದ ಮುಂಚೆ ಜೆಕೊಸ್ಲೊವಾಕಿಯಾ ಜೊತೆ ಹೆಚ್ಚುವರಿ ಸಮಯದ ತನಕ ಹೋರಾಡಿ ಬಂದವರು, ಕಾಲು ಸೋತಿದ್ದವು. ಫ್ರಾನ್ಸ್ 4-0, ಫಾಂಟೇನ್ ಎರಡು.

ಇಲ್ಲಿಗೆ ನಾಲ್ಕು ಪಂದ್ಯ, ಎಂಟು ಗೋಲು. ಎಂಬಾಪೆ ಏಳು ಪಂದ್ಯದಲ್ಲಿ ಮುಟ್ಟಿದ ಅಂಕಿ.

ಸೆಮಿಫೈನಲ್ ಜೂನ್ 24ಕ್ಕೆ, ಸ್ಟಾಕ್‌ಹೋಮ್ ಪಕ್ಕದ ಸೋಲ್ನಾದಲ್ಲಿ. ಎದುರಿಗೆ ಬ್ರೆಜಿಲ್. ಎರಡನೇ ನಿಮಿಷಕ್ಕೇ ವಾವಾ ಗೋಲು ಹೊಡೆದರು. ಒಂಬತ್ತನೇ ನಿಮಿಷಕ್ಕೆ ಕೋಪಾ ಕೊಟ್ಟ ಚೆಂಡು ಹಿಡಿದು ಗೋಲ್‌ಕೀಪರ್ ಗಿಲ್ಮಾರ್‌ರನ್ನು ದಾಟಿಸಿ ಫಾಂಟೇನ್ ಸಮ ಮಾಡಿದರು. ಅದಕ್ಕೆ ಮುಂಚಿನ ನಾಲ್ಕು ಪಂದ್ಯದಲ್ಲಿ ಬ್ರೆಜಿಲ್ ಒಂದೂ ಗೋಲು ಬಿಟ್ಟುಕೊಟ್ಟಿರಲಿಲ್ಲ. ಆ ಗೋಡೆಗೆ ಮೊದಲ ತೂತು ಕೊರೆದವರು ಇವರು.

ಆಮೇಲೆ ನಡೆದದ್ದು ಫ್ರಾನ್ಸ್‌ನವರು ಹಲವು ವರ್ಷ ಕೈಹಿಸುಕಿಕೊಂಡ ವಿಷಯ. ಇನ್ನೂ 1-1 ಇರುವಾಗಲೇ ನಾಯಕ ಜೋಂಕೆ ವಾವಾಗೆ ಡಿಕ್ಕಿ ಹೊಡೆದು ಕಾಲಿಗೆ ಪೆಟ್ಟು ಮಾಡಿಕೊಂಡರು. ಈಗಾದರೆ ಬೋರ್ಡ್ ಎತ್ತಿ ಇನ್ನೊಬ್ಬನನ್ನು ಇಳಿಸುತ್ತಾರೆ. ಆಗ ಬದಲಿ ಆಟಗಾರರಿಗೆ ಅವಕಾಶವೇ ಇರಲಿಲ್ಲ. ವಿಶ್ವಕಪ್‌ನಲ್ಲಿ ಆ ನಿಯಮ ಬಂದದ್ದು 1970ಕ್ಕೆ. ಹೊರಗೆ ಹೋದರೆ ಹತ್ತೇ ಜನ. ಹಾಗಾಗಿ ಜೋಂಕೆ ಕುಂಟುತ್ತಾ ಮೈದಾನದ ಬದಿಗೆ ಹೋಗಿ ಸುಮ್ನೆ ಲೆಕ್ಕಕ್ಕೆ ನಿಂತರು. ನಡುವಿನ ಡಿಫೆಂಡರ್ ಇಲ್ಲದ ತಂಡದ ಮೇಲೆ ಹದಿನೇಳು ವರ್ಷದ ಹುಡುಗನೊಬ್ಬ ದ್ವಿತೀಯಾರ್ಧದಲ್ಲಿ ಮೂರು ಗೋಲು ಹೊಡೆದ. ಅವನ ಹೆಸರು ಪೆಲೆ. ಬ್ರೆಜಿಲ್ 5, ಫ್ರಾನ್ಸ್ 2. ಜೋಂಕೆ ಸರಿಯಿದ್ದಿದ್ದರೆ ಗೆಲ್ಲುತ್ತಿದ್ದರಾ? ಆ ಬ್ರೆಜಿಲ್ ತಂಡ ಎಂಥದ್ದು ಅಂತ ನೋಡಿದರೆ ನನಗೆ ಅನುಮಾನವೇ. ಆದರೆ 5-2 ಆಗುತ್ತಿರಲಿಲ್ಲ.

ಸೆಮಿಫೈನಲ್ ಸೋತ ಎರಡು ತಂಡಗಳು ಮೂರನೇ ಸ್ಥಾನಕ್ಕೆ ಆಡುತ್ತವೆ. ಜೂನ್ 28, ಗೋಥೆನ್‌ಬರ್ಗ್. ಎದುರಿಗೆ ಹಿಂದಿನ ವಿಶ್ವಕಪ್ ಗೆದ್ದ ಪಶ್ಚಿಮ ಜರ್ಮನಿ. ಫ್ರಾನ್ಸ್ 6-3 ಗೆದ್ದಿತು. ಫಾಂಟೇನ್ ನಾಲ್ಕು ಹೊಡೆದರು, ಕೊನೆಯದು 89ನೇ ನಿಮಿಷದಲ್ಲಿ. ಜರ್ಮನಿಯ ಗೋಲ್‌ಕೀಪರ್ ಕ್ವಿಯಾಟ್ಕೊವ್ಸ್ಕಿ ಪಾಡು ಬೇಡ. ಅವರು ಜೀವನದಲ್ಲಿ ಆಡಿದ್ದು ಎರಡೇ ವಿಶ್ವಕಪ್ ಪಂದ್ಯ. 1954ರಲ್ಲಿ ಹಂಗೆರಿಯಿಂದ ಎಂಟು ತಿಂದಿದ್ದರು, ಈಗ ಆರು.

ಆ ಪಂದ್ಯದಲ್ಲಿ ಫ್ರಾನ್ಸ್‌ಗೆ ಒಂದು ಪೆನಾಲ್ಟಿ ಸಿಕ್ಕಿತು. ಒದ್ದದ್ದು ಕೋಪಾ, ಗೋಲಾಯಿತು. ಫಾಂಟೇನ್ ಕೇಳಿ ತೆಗೆದುಕೊಂಡಿದ್ದರೆ ನಾವೀಗ 14ರ ಬಗ್ಗೆ ಮಾತಾಡುತ್ತಿದ್ದೆವೋ ಏನೋ. 13ರಲ್ಲಿ ಒಂದೂ ಪೆನಾಲ್ಟಿಯಿಂದ ಬಂದದ್ದಲ್ಲ.

ಬಹುಮಾನ? ಈಗ ಜಾಸ್ತಿ ಗೋಲು ಹೊಡೆದವರಿಗೆ ‘ಗೋಲ್ಡನ್ ಬೂಟ್’ ಕೊಡುತ್ತಾರೆ. ಆಗ ಅಂಥದ್ದೇನೂ ಇರಲಿಲ್ಲ. ಸ್ವೀಡನ್‌ನ ಪತ್ರಿಕೆಯೊಂದು ಅವರಿಗೆ ಒಂದು ಬಂದೂಕು ಕೊಟ್ಟಿತು. ಚೆನ್ನಾಗಿ ಗುರಿ ಇಟ್ಟವನಿಗೆ ಬಂದೂಕು, ಅಷ್ಟೇ.

ಆಗ ಗೋಲು ಸುಲಭ ಇತ್ತಾ?

ಈ ಪ್ರಶ್ನೆ ಬಂದೇ ಬರುತ್ತದೆ. ಅರ್ಧ ಹೌದು.

1958ರಲ್ಲಿ 35 ಪಂದ್ಯಕ್ಕೆ 126 ಗೋಲು ಬಿದ್ದವು. ಪಂದ್ಯಕ್ಕೆ ಸರಾಸರಿ 3.6. 2022ರಲ್ಲಿ 64 ಪಂದ್ಯಕ್ಕೆ 172, ಅಂದರೆ ಸುಮಾರು 2.7. ತಂಡಗಳು ಮುಂದೆ ಜಾಸ್ತಿ ಜನರನ್ನು ಇಡುತ್ತಿದ್ದವು, ಹಿಂದೆ ಕಮ್ಮಿ. ಈಗ ಗೋಲಿನ ಮುಂದೆ ಎಂಟು-ಒಂಬತ್ತು ಜನ ಗೋಡೆ ಕಟ್ಟಿದ ಹಾಗೆ ನಿಲ್ಲುತ್ತಾರೆ. ಎದುರಾಳಿಯ ಪ್ರತಿ ಆಟವನ್ನು ವಿಡಿಯೊದಲ್ಲಿ ಹತ್ತು ಸಲ ನೋಡಿಕೊಂಡು ಬರುತ್ತಾರೆ. ಗಾಯವಾದವನನ್ನು ಬದಲಿಸಲು ಆಗದ ಕಾಲದಲ್ಲಿ ಆ ಕಡೆಯೂ ಲಾಭ ಸಿಗುತ್ತಿತ್ತು, ಈ ಕಡೆಯೂ.

ಇನ್ನು ಉಳಿದ ಅರ್ಧ. ಆಫ್‌ಸೈಡ್ ನಿಯಮ ನೋಡಿ. ಮುಂದಕ್ಕೆ ಪಾಸ್ ಆಗುವ ಹೊತ್ತಿಗೆ ಫಾರ್ವರ್ಡ್‌ಗೂ ಎದುರಾಳಿಯ ಗೋಲು ಗೆರೆಗೂ ನಡುವೆ ಇಬ್ಬರು ಎದುರಾಳಿಗಳು ಇರಬೇಕು. ಸಾಮಾನ್ಯವಾಗಿ ಒಬ್ಬ ಗೋಲ್‌ಕೀಪರ್, ಇನ್ನೊಬ್ಬ ಡಿಫೆಂಡರ್. ಗೋಲಿನ ಬಾಯಲ್ಲೇ ಕಾದು ಕೂತು ಚೆಂಡು ಬಂದಾಗ ತಳ್ಳಬಾರದು ಅಂತ ಈ ನಿಯಮ. ಈಗ ಆ ಡಿಫೆಂಡರ್‌ಗೆ ಸರಿಸಮನಾಗಿ ಒಂದೇ ಸಾಲಿನಲ್ಲಿದ್ದರೂ ನಡೆಯುತ್ತದೆ. 1990ರ ತನಕ ಅದೂ ಆಫ್‌ಸೈಡೇ. ಫಾಂಟೇನ್ ಥರ ಓಡಿ ಬಂದು ಚೆಂಡು ಹಿಡಿಯುವವರಿಗೆ ಅದು ಜಾಸ್ತಿ ಕಷ್ಟ. ಹಿಂದಿನಿಂದ ಬಂದು ಕಾಲಿಗೆ ಒದೆಯುವ ಡಿಫೆಂಡರ್‌ಗಳಿಗೆ ಹಳದಿ ಕಾರ್ಡ್, ಕೆಂಪು ಕಾರ್ಡ್ ಇರಲಿಲ್ಲ. ಅವೂ ಬಂದದ್ದು 1970ರಲ್ಲೇ. ತೊಗಲಿನ ಚೆಂಡು ಮಳೆಯಲ್ಲಿ ನೀರು ಕುಡಿದು ಭಾರವಾಗುತ್ತಿತ್ತು.

ಒಂದು ಮಾತು ಮಾತ್ರ ಸಂದೇಹಕ್ಕೆ ಉತ್ತರ ಕೊಡುತ್ತದೆ ಅನ್ನಿಸುತ್ತದೆ. ಆ ಸಡಿಲ ಕಾಲ ಎಲ್ಲರಿಗೂ ಒಂದೇ ಇತ್ತಲ್ಲ? ಅದೇ ಟೂರ್ನಿಯಲ್ಲಿ ಎರಡನೇ ಸ್ಥಾನದಲ್ಲಿದ್ದವರು ಪೆಲೆ ಮತ್ತು ಜರ್ಮನಿಯ ಹೆಲ್ಮುಟ್ ರಾನ್. ತಲಾ ಆರು. ಅರ್ಧಕ್ಕಿಂತ ಕಮ್ಮಿ. ಜರ್ಮನಿ ಮೇಲಿನ ಕೊನೆಯ ನಾಲ್ಕನ್ನು ಪೂರ್ತಿ ಅಳಿಸಿದರೂ ಫಾಂಟೇನ್ ಹತ್ತಿರ ಒಂಬತ್ತು ಉಳಿಯುತ್ತವೆ. ಫ್ರಾನ್ಸ್ ಹೊಡೆದ ಒಟ್ಟು 23ರಲ್ಲಿ 13 ಇವರದ್ದೇ.

ಆ ವರ್ಷ ಯುರೋಪಿನ ಶ್ರೇಷ್ಠ ಆಟಗಾರನಿಗೆ ಕೊಡುವ ಬ್ಯಾಲನ್ ಡಿ’ಓರ್ ಮಾತ್ರ ಹೋದದ್ದು ಕೋಪಾಗೆ. ಎತ್ತಿ ಕೊಟ್ಟವನಿಗೆ! ರಾನ್ ಎರಡನೆಯವರು, ಫಾಂಟೇನ್ ಮೂರನೆಯವರು.

ಕಾಲು ಮುರಿದ ಮೇಲೆ

1959ರಲ್ಲಿ ರೀಮ್ಸ್ ಯುರೋಪಿಯನ್ ಕಪ್ ಫೈನಲ್ ತಲುಪಿತು. ಈಗಿನ ಚಾಂಪಿಯನ್ಸ್ ಲೀಗ್‌ನ ಹಳೇ ರೂಪ ಅದು. ಫಾಂಟೇನ್ ಆ ಟೂರ್ನಿಯಲ್ಲಿ 10 ಗೋಲು ಹೊಡೆದು ಮೊದಲಿಗರಾಗಿದ್ದರು. ಫೈನಲ್‌ನಲ್ಲಿ ರಿಯಲ್ ಮ್ಯಾಡ್ರಿಡ್ 2-0 ಗೆದ್ದಿತು. ಆ ದಿನ ಕೋಪಾ ಎದುರಾಳಿ ತಂಡದಲ್ಲಿದ್ದರು. ಅದೇ ವರ್ಷ ಕೋಪಾ ರೀಮ್ಸ್‌ಗೆ ಮರಳಿದರು. ಕೊನೆಗೂ ಇಬ್ಬರೂ ಒಂದೇ ಕ್ಲಬ್.

ಜೋಡಿ ಜಾಸ್ತಿ ದಿನ ಬಾಳಲಿಲ್ಲ. 1960ರ ಮಾರ್ಚ್ 20ರಂದು ಸೊಶೋ ತಂಡದ ಎದುರಿನ ಪಂದ್ಯದಲ್ಲಿ ಎದುರಾಳಿಯೊಬ್ಬರಿಗೆ ಡಿಕ್ಕಿಯಾಗಿ ಫಾಂಟೇನ್‌ರ ಎಡಗಾಲು ಮುರಿಯಿತು. ಮಂಡಿಯ ಕೆಳಗೆ ನಮಗೆ ಎರಡು ಮೂಳೆ ಇರುತ್ತವೆ. ಮುಂದೆ ಕೈಗೆ ಸಿಗುವ ದಪ್ಪನೆಯದು ಒಂದು, ಪಕ್ಕದಲ್ಲಿ ತೆಳ್ಳನೆಯದು ಒಂದು. ಎರಡೂ ಮುರಿದವು. ಒಂದು ಮುರಿದರೆ ಇನ್ನೊಂದು ಊರುಗೋಲಿನ ಹಾಗೆ ಸ್ವಲ್ಪ ಆಸರೆ ಕೊಡುತ್ತದೆ. ಎರಡೂ ಹೋದರೆ ಆ ಆಸರೆಯೂ ಇಲ್ಲ. ಮೂಳೆಯೊಳಗೆ ಸರಳು ಹಾಕಿ ಬೇಗ ಓಡಾಡಿಸುವ ಚಿಕಿತ್ಸೆ ಈಗಿನಷ್ಟು ಬೆಳೆದಿರಲಿಲ್ಲ.

ಸೀಸನ್ ಅರ್ಧಕ್ಕೇ ನಿಂತಿತು. ಆದರೂ ಆ ವರ್ಷದ ಲೀಗ್‌ನಲ್ಲಿ ಜಾಸ್ತಿ ಗೋಲು ಅವರದ್ದೇ, 28. ಆ ಬೇಸಿಗೆ ಫ್ರಾನ್ಸ್‌ನಲ್ಲೇ ನಡೆದ ಮೊದಲ ಯುರೋಪಿಯನ್ ರಾಷ್ಟ್ರಗಳ ಕಪ್ ಆಡಲು ಅವರಿಗೆ ಆಗಲಿಲ್ಲ. ಫ್ರಾನ್ಸ್ ಸೆಮಿಫೈನಲ್‌ನಲ್ಲಿ ಯುಗೊಸ್ಲಾವಿಯಾ ಎದುರು 4-5ಕ್ಕೆ ಸೋತಿತು.

ವರ್ಷದ ಕೊನೆಗೆ ಮತ್ತೆ ಮೈದಾನಕ್ಕೆ ಬಂದರು. ಡಿಸೆಂಬರ್‌ನಲ್ಲಿ ಬಲ್ಗೇರಿಯಾ ಎದುರು ದೇಶಕ್ಕಾಗಿ ಆಡಿದರು, ಅದೇ ಕೊನೆಯದಾಯಿತು. 1961ರ ಜನವರಿ 1ರಂದು ಅದೇ ಕಾಲು ಮತ್ತೆ ಮುರಿಯಿತು. 1962ರಲ್ಲಿ ಆಟ ಬಿಟ್ಟರು. ವಯಸ್ಸು 28. ಫ್ರಾನ್ಸ್‌ಗೆ 21 ಪಂದ್ಯ, 30 ಗೋಲು. ಫ್ರೆಂಚ್ ಲೀಗ್‌ನಲ್ಲಿ 200 ಪಂದ್ಯಕ್ಕೆ 160ಕ್ಕೂ ಜಾಸ್ತಿ. ಫಾರ್ವರ್ಡ್‌ಗಳು ಪಕ್ವವಾಗುವ ವಯಸ್ಸಿಗೆ ಇವರದ್ದು ಮುಗಿದಿತ್ತು.

ರಾಜೀನಾಮೆ ಇಲ್ಲದ ನೌಕರಿ

ಫಾಂಟೇನ್ ಮಾಡಿದ ಇನ್ನೊಂದು ಕೆಲಸ ಗೋಲುಗಳ ಗದ್ದಲದಲ್ಲಿ ಮುಚ್ಚಿಹೋಗಿದೆ. ನನ್ನ ಪ್ರಕಾರ ಫ್ರೆಂಚ್ ಆಟಗಾರರ ಬದುಕಿಗೆ ಅದೇ ಜಾಸ್ತಿ ಮುಟ್ಟಿದ್ದು.

ಆಗ ಫ್ರಾನ್ಸ್‌ನಲ್ಲಿ ಒಬ್ಬ ಆಟಗಾರ ಕ್ಲಬ್ ಜೊತೆ ಸಹಿ ಹಾಕಿದರೆ 35 ವರ್ಷ ಆಗುವ ತನಕ ಅದಕ್ಕೇ ಸೇರಿದವನು. ಕ್ಲಬ್ ಬೇಕಾದರೆ ಅವನನ್ನು ಮಾರಬಹುದು. ಅವನಾಗಿ ಬಿಟ್ಟು ಹೋಗುವಂತಿಲ್ಲ. ಇಪ್ಪತ್ತನೇ ವಯಸ್ಸಿಗೆ ಕೆಲಸಕ್ಕೆ ಸೇರಿದಿರಿ ಅಂದುಕೊಳ್ಳಿ. ಪಕ್ಕದ ಕಂಪನಿ ಎರಡರಷ್ಟು ಸಂಬಳ ಕೊಡುತ್ತೇನೆ ಅನ್ನುತ್ತಿದೆ. ನಿಮ್ಮ ಮಾಲೀಕರು ಹೂಂ ಅನ್ನದೆ ಹೋಗೋ ಹಾಗಿಲ್ಲ, ಹದಿನೈದು ವರ್ಷ. ಅಷ್ಟರಲ್ಲಿ ಕಾಲು ಮುರಿದರೆ?

1961ರಲ್ಲಿ, ಎರಡು ಸಲ ಮುರಿದ ಕಾಲಿನ ಫಾಂಟೇನ್ ಮತ್ತು ಕ್ಯಾಮರೂನ್ ಮೂಲದ ಆಟಗಾರ, ಕಾನೂನು ಓದಿದ್ದ ಯೂಜೀನ್ ಎನ್‌ಜೊ ಲೆಯಾ ಮುಂದೆ ನಿಂತು ವೃತ್ತಿಪರ ಆಟಗಾರರ ಸಂಘ ಕಟ್ಟಿದರು. ಅದರ ಹೆಸರು ಯುಎನ್‌ಎಫ್‌ಪಿ. ಫಾಂಟೇನ್ ಮೊದಲ ಅಧ್ಯಕ್ಷ. 1963ರಲ್ಲಿ ಕೋಪಾ ಆಟಗಾರರನ್ನು ಗುಲಾಮರಿಗೆ ಹೋಲಿಸಿ ಮಾತಾಡಿ ದೊಡ್ಡ ಗಲಾಟೆಯೇ ಆಯಿತು. 1969ರಲ್ಲಿ ನಿಯಮ ಬದಲಾಯಿತು. ಇಂತಿಷ್ಟು ವರ್ಷ ಅಂತ ಅವಧಿ ಬರೆದ ಒಪ್ಪಂದ, ಅದು ಮುಗಿದ ಮೇಲೆ ಆಟಗಾರ ಸ್ವತಂತ್ರ. ಇವತ್ತು ಒಪ್ಪಂದ ಮುಗಿಸಿ ಕ್ಲಬ್ ಬದಲಿಸುವ ಆಟಗಾರರ ಸುದ್ದಿ ಬಂದಾಗ ಅದರ ಬೇರು ಇಂಥ ಕಡೆ ಇರುತ್ತದೆ.

ಕೋಚ್ ಆಗಿ

ಇದು ಅಷ್ಟು ಮಿಂಚಿದ ಭಾಗವಲ್ಲ. 1967ರಲ್ಲಿ ಫ್ರಾನ್ಸ್ ತಂಡದ ಕೋಚ್ ಆದರು. ಎರಡು ಪಂದ್ಯ ಆಡಿಸಿದರು, ಎರಡೂ ಸೋತರು, ಹುದ್ದೆ ಹೋಯಿತು. ಅಷ್ಟೇ ಅಲ್ಲಿ.

ಪ್ಯಾರಿಸ್ ಸೇಂಟ್-ಜರ್ಮೇನ್ ಕ್ಲಬ್‌ನಲ್ಲಿ ಪರವಾಗಿಲ್ಲ. ಈಗ ಪಿಎಸ್‌ಜಿ ಅಂದರೆ ದುಡ್ಡಿನ ಹೊಳೆ. 1973ರಲ್ಲಿ ಫಾಂಟೇನ್ ಬಂದಾಗ ಅದು ಎರಡನೇ ದರ್ಜೆಯಲ್ಲಿದ್ದ, ಹುಟ್ಟಿ ಮೂರೇ ವರ್ಷವಾಗಿದ್ದ ಕೂಸು. 1974ರಲ್ಲಿ ಅದು ಇವರ ಕೈಯಲ್ಲೇ ಮೊದಲ ದರ್ಜೆಗೆ ಏರಿತು. ಆಮೇಲೆ ಹುಟ್ಟಿದ ನಾಡಿಗೆ ಹೋಗಿ ಮೊರಾಕೊ ತಂಡವನ್ನು ಪಳಗಿಸಿದರು. 1980ರ ಆಫ್ರಿಕಾ ಕಪ್‌ನಲ್ಲಿ ಮೊರಾಕೊ ಮೂರನೇ ಸ್ಥಾನ ಪಡೆಯಿತು. ಕೊನೆಗಾಲ ಕಳೆದದ್ದು ದಕ್ಷಿಣ ಫ್ರಾನ್ಸ್‌ನ ಟುಲೂಸ್‌ನಲ್ಲಿ.

2022ರ ಡಿಸೆಂಬರ್ 14ರಂದು ಕತಾರ್‌ನಲ್ಲಿ ವಿಶ್ವಕಪ್ ಸೆಮಿಫೈನಲ್ ನಡೆಯಿತು. ಒಂದು ಕಡೆ ಫ್ರಾನ್ಸ್, ಇನ್ನೊಂದು ಕಡೆ ಮೊರಾಕೊ. ಫ್ರಾನ್ಸ್ 2-0 ಗೆದ್ದಿತು. ನಾಲ್ಕು ದಿನದ ಮೇಲೆ ಫೈನಲ್‌ನಲ್ಲಿ ಎಂಬಾಪೆ ಮೂರು ಗೋಲು ಹೊಡೆದು ಎಂಟಕ್ಕೆ ಬಂದರು. ಅವರೂ ಆಗ ಪಿಎಸ್‌ಜಿ ಆಟಗಾರ. ಫಾಂಟೇನ್‌ಗೆ 89 ವರ್ಷ. 2023ರ ಮಾರ್ಚ್ 1ರಂದು ಅವರು ಟುಲೂಸ್‌ನಲ್ಲಿ ತೀರಿಕೊಂಡಾಗ, ಬ್ರೂಯೆಯ ಬೂಟು ಹಾಕಿಕೊಂಡು ಹೊಡೆದ ಆ 13ಕ್ಕೆ 64 ವರ್ಷ ದಾಟಿತ್ತು.